ಎದುರು ಮನೆ ಗೇಟು ಮತ್ತು ಎರಡು ದಿನದ ಮ್ಯಾಚು

ನಮ್ಮ ಕಾಲೇಜಿನಲ್ಲಿ ಬಾಸ್ಕೆಟ್‌ಬಾಲ್ ಕೋರ್ಟು ಬೇರೆ, ಪಾರ್ಕಿಂಗ್ ಬೇರೆ ಅಂತಿಲ್ಲ. ಬೆಳಿಗ್ಗೆ ಎಂಟೂವರೆಗೆ ಹುಡುಗಿಯರು ಚೆಂಡು ಎತ್ತಿಕೊಂಡು ಹೋದರೆ ಅದೇ ಸಿಮೆಂಟಿನ ಮೇಲೆ ಸ್ಕೂಟರು, ಬೈಕುಗಳು ಬಂದು ನಿಲ್ಲುತ್ತವೆ. ಸಂಜೆ ಅವು ಹೊರಟುಹೋದ ಮೇಲೆ ಮತ್ತೆ ಚೆಂಡಿನ ಸದ್ದು ಶುರು. ಬಸವೇಶ್ವರನಗರದ ಮನೆಗಳ ನಡುವೆ ಸಿಕ್ಕಿಕೊಂಡ ಚಿಕ್ಕ ಕ್ಯಾಂಪಸ್ಸು ನಮ್ಮದು, ಬೇರೆ ಜಾಗ ಇಲ್ಲ. ಆಟಕ್ಕೆಂದು ಬಳಿದ ಗೆರೆಗಳನ್ನೇ ನಾವು ಗಾಡಿಯ ಸಾಲಿಗೂ ಬಳಸಿಕೊಂಡಿದ್ದೆವು. ಫ್ರೀ ಥ್ರೋ ಗೆರೆಯ ಉದ್ದಕ್ಕೂ ಇತಿಹಾಸದವರು, ನಡುವಿನ ವೃತ್ತದಲ್ಲಿ ಆಫೀಸಿನವರು, ದಕ್ಷಿಣದ ರಿಂಗಿನ ಕೆಳಗೆ ಪ್ರಿನ್ಸಿಪಾಲರ ಕಾರು. ಯಾರೂ ಹಂಚಿಕೊಟ್ಟ ಜಾಗಗಳಲ್ಲ. ಆದರೂ ಹೊಸದಾಗಿ ಬಂದವರು ತಿಳಿಯದೆ ಅಲ್ಲಿ ಗಾಡಿ ನಿಲ್ಲಿಸಿದರೆ ಒಂದು ವಾರ ಯಾರೂ ಅವರ ಜೊತೆ ಸರಿಯಾಗಿ ಮಾತಾಡುತ್ತಿರಲಿಲ್ಲ.

ಖಾಯಂ ಜಾಗ ಇಲ್ಲದವಳು ನಾನೊಬ್ಬಳೇ. ನಾನು ಸಸ್ಯಶಾಸ್ತ್ರ ಪಾಠ ಮಾಡುವವಳು. ಬೆಳಿಗ್ಗೆ ಬರುವಾಗ ಯಾವ ಮರ ಕಣ್ಣಿಗೆ ಬಿತ್ತೋ ಅದರ ಹತ್ತಿರ ಗಾಡಿ ನಿಲ್ಲಿಸುತ್ತೇನೆ. ಸಂಜೆ ಹೊತ್ತಿಗೆ ಅದು ಯಾವ ಮರ ಅಂತ ಮರೆತುಹೋಗಿರುತ್ತದೆ. ಕೀ ಹಿಡಿದುಕೊಂಡು ಕ್ಯಾಂಪಸ್ ಸುತ್ತುವ ನನ್ನನ್ನು ನೋಡಿ ಸೆಕ್ಯೂರಿಟಿಯವರು, ಇವತ್ತು ಬಾದಾಮಿ ಮರ ಮೇಡಂ, ಎಂದು ಕೂತಲ್ಲಿಂದಲೇ ಹೇಳಿಬಿಡುತ್ತಾರೆ. ಇಂಥವಳನ್ನು ಮ್ಯಾಚಿನ ದಿನದ ಪಾರ್ಕಿಂಗ್ ಉಸ್ತುವಾರಿಗೆ ಹಾಕಿದ್ದು ಹೇಗೆ ಅಂತ ಕೇಳಬೇಡಿ. ಸ್ಟಾಫ್ ಮೀಟಿಂಗಿನಲ್ಲಿ ಕಿಟಕಿಯ ಪಕ್ಕ ಕೂತು ಹೊಂಗೆಯ ಎಲೆ ಉದುರುವುದನ್ನು ನೋಡುತ್ತಿದ್ದೆ. ಫೆಬ್ರುವರಿಯಲ್ಲಿ ನಮ್ಮ ರಸ್ತೆಯ ಹೊಂಗೆಗಳು ಗಾಳಿ ಇಲ್ಲದಿದ್ದರೂ ಎಲೆ ಬಿಡುತ್ತವೆ, ಒಂದೊಂದೇ, ಯಾವ ಆತುರವೂ ಇಲ್ಲದೆ. ನನ್ನ ಹೆಸರು ಕೇಳಿಸಿತು, ತಲೆಯಾಡಿಸಿದೆ. ಯಾವುದಕ್ಕೆ ಒಪ್ಪಿಕೊಂಡೆ ಅಂತ ಪಕ್ಕದವರು ಹೇಳಿದ ಮೇಲೆ ಗೊತ್ತಾಯಿತು. ಎಲ್ಲರೂ ನಗುತ್ತಿದ್ದರು. ಪಿ.ಟಿ. ಮೇಡಂ ಒಬ್ಬರು ನಗಲಿಲ್ಲ.

ಅವರಿಗೆ ನಗುವ ವಿಷಯವಾಗಿರಲಿಲ್ಲ ಅದು. ಹೆಣ್ಣುಮಕ್ಕಳ ತಂಡವನ್ನು ಅವರು ಕೈಯಾರೆ ಕಟ್ಟಿದ್ದರು. ಗಾಡಿ ಬರುವ ಮುಂಚೆ, ಗಾಡಿ ಹೋದ ಮೇಲೆ ಅಂತ ದಿನದ ಎರಡು ತುದಿಯಲ್ಲಿ ಅಭ್ಯಾಸ ಮಾಡಿಸಿ, ಸ್ಕೂಟರಿನಿಂದ ಸೋರಿದ ಎಣ್ಣೆಯ ಕಲೆಗೆ ಮರದ ಹೊಟ್ಟು ಹಾಕಿ ಉಜ್ಜಿಸಿ ಬೆಳೆಸಿದ ತಂಡ. ಆದರೆ ಮೂರು ವರ್ಷದಿಂದ ಆ ಕೋರ್ಟಿನಲ್ಲಿ ಹೊರಗಿನವರ ಜೊತೆ ಒಂದೂ ಮ್ಯಾಚು ನಡೆದಿರಲಿಲ್ಲ. ಕ್ಯಾಪ್ಟನ್ ಹುಡುಗಿ ಕೊನೇ ವರ್ಷದಲ್ಲಿದ್ದಳು. ಕೆಂಗೇರಿ, ನಾಗರಬಾವಿ, ಮಹಾಲಕ್ಷ್ಮಿ ಲೇಔಟ್ ಅಂತ ಎಲ್ಲರ ಅಂಗಳದಲ್ಲೂ ಆಡಿ ಬಂದವಳು ತನ್ನ ಅಂಗಳದಲ್ಲಿ ಒಮ್ಮೆಯೂ ಆಡಿರಲಿಲ್ಲ. ಈ ಸಲ ವಲಯ ಮಟ್ಟದ ಪಂದ್ಯಗಳನ್ನು, ಶುಕ್ರವಾರ ಮತ್ತು ಶನಿವಾರ, ನಮ್ಮಲ್ಲೇ ನಡೆಸುವುದಕ್ಕೆ ಪಿ.ಟಿ. ಮೇಡಂ ಹೇಗೋ ಎಲ್ಲರನ್ನೂ ಒಪ್ಪಿಸಿದ್ದರು. ಬಡಾವಣೆಯ ನಿವಾಸಿಗಳ ಸಂಘದವರು ಒಂದೇ ಒಂದು ಷರತ್ತು ಹಾಕಿದ್ದರು. ಈ ಎರಡು ದಿನದಲ್ಲಿ ಯಾರ ಮನೆ ಗೇಟಿಗಾದರೂ ಗಾಡಿ ಅಡ್ಡ ನಿಂತರೆ ಇನ್ನು ಮುಂದೆ ಇಲ್ಲಿ ಮ್ಯಾಚಿನ ಮಾತೇ ಎತ್ತಬಾರದು.

ಯಾರ ಮನೆ ಗೇಟನ್ನು ನೆನೆದು ಆ ಷರತ್ತು ಬರೆದದ್ದು ಅಂತ ಎಲ್ಲರಿಗೂ ಗೊತ್ತಿತ್ತು. ಕಾಲೇಜಿನ ಗೇಟಿಗೆ ಸರಿಯಾಗಿ ಎದುರು ಒಂದು ಹಳೇ ಮನೆ. ಸರ್ಕಾರಿ ಕೆಲಸದಿಂದ ರಿಟೈರ್ ಆದ ಅಂಕಲ್ ಮತ್ತು ಅವರ ಹೆಂಡತಿ ಇಬ್ಬರೇ ಅಲ್ಲಿರುವುದು. ಅಂಕಲ್‌ಗೆ ಮಂಗಳವಾರ, ಗುರುವಾರ, ಶನಿವಾರ ಡಯಾಲಿಸಿಸ್. ಆಂಟಿಯೇ ಕಾರು ಓಡಿಸಿಕೊಂಡು ರಾಜಾಜಿನಗರದ ಸೆಂಟರಿಗೆ ಕರೆದುಕೊಂಡು ಹೋಗುತ್ತಾರೆ. ಮೂರು ವರ್ಷದ ಹಿಂದೆ ಹುಡುಗರ ಮ್ಯಾಚಿನ ದಿನ ಆ ಗೇಟಿಗೆ ಒಂದು ಸ್ಕೂಟರು ಹ್ಯಾಂಡಲ್ ಲಾಕ್ ಆಗಿ ಅಡ್ಡ ನಿಂತುಬಿಟ್ಟಿತು. ಕಾರು ಹೊರಗೆ ಬರಲಾಗದೆ ಅವರು ಮುಕ್ಕಾಲು ಗಂಟೆ ಕಾದರು. ಸೆಂಟರಿನಲ್ಲಿ ಅವರ ಸರದಿ ಬೇರೆಯವರಿಗೆ ಹೋಯಿತು. ಮಾರನೇ ದಿನ ದೂರಿನ ಪತ್ರ ಬಂತು, ಅದರ ಹಿಂದೆಯೇ ಮ್ಯಾಚುಗಳು ನಿಂತವು.

ಆ ಸ್ಕೂಟರು ನನ್ನದು.

ಅಲ್ಲಿಯವರೆಗೆ ಇದನ್ನು ಯಾರಿಗೂ ಹೇಳಿರಲಿಲ್ಲ. ಆವತ್ತು ಕೋರ್ಟು ಖಾಲಿ ಮಾಡಿಸಿದ್ದರಿಂದ ಎಲ್ಲೂ ಜಾಗ ಸಿಗದೆ, ಎರಡೇ ನಿಮಿಷ, ಒಳಗೆ ಒಂದು ಸಹಿ ಹಾಕಿ ಬಂದುಬಿಡೋಣ ಅಂತ ಎದುರಿಗೆ ನಿಲ್ಲಿಸಿದ್ದೆ. ಸಹಿ ಹಾಕಿ ಬರುವಾಗ ಮ್ಯಾಚು ಕಣ್ಣಿಗೆ ಬಿತ್ತು, ಕೂತೆ. ಮೈಕಿನಲ್ಲಿ ಒಂದು ಗಾಡಿಯ ನಂಬರನ್ನು ಮೂರು ಸಲ ಕೂಗಿದರು. ಯಾರಪ್ಪಾ ಇದು, ಸ್ವಲ್ಪವೂ ಜವಾಬ್ದಾರಿ ಇಲ್ಲವಲ್ಲ ಎಂದು ಪಕ್ಕದವರಿಗೆ ಹೇಳಿದ್ದು ನೆನಪಿದೆ. ನನ್ನ ಗಾಡಿಯ ನಂಬರು ನನಗೇ ಗೊತ್ತಿರಲಿಲ್ಲ. ನಾನು ಹೊರಗೆ ಬರುವ ಹೊತ್ತಿಗೆ ಯಾರೋ ನಾಲ್ಕು ಜನ ಗಾಡಿಯನ್ನು ಎತ್ತಿ ಮರದ ಬುಡದಲ್ಲಿ ಇಟ್ಟಿದ್ದರು. ನಾನೇ ಅಲ್ಲಿ ನಿಲ್ಲಿಸಿದ್ದೆ ಅಂದುಕೊಂಡು ಹತ್ತಿ ಮನೆಗೆ ಹೋದೆ. ಮರುದಿನ ನೋಟಿಸ್ ಬೋರ್ಡಿನಲ್ಲಿ ಆ ಪತ್ರ ಓದಿದೆ. ನಂಬರು ಓದಿ, ಹೊರಗೆ ಹೋಗಿ ನನ್ನ ಗಾಡಿಯ ಹಿಂದೆ ಬಗ್ಗಿ ನೋಡಿ, ಮತ್ತೆ ಒಳಗೆ ಬಂದು ಓದಿದೆ. ಅಂಥ ಬೂದು ಬಣ್ಣದ ಸ್ಕೂಟರು ಕಾಲೇಜಿನಲ್ಲಿ ಇಪ್ಪತ್ತಾದರೂ ಇದ್ದವು. ನಾನು ಕಾಲೇಜಿನ ಪಾರ್ಕಿಂಗ್ ಪಾಸಿನ ಸ್ಟಿಕ್ಕರ್ ತೆಗೆದುಕೊಂಡೇ ಇರಲಿಲ್ಲವಾದ್ದರಿಂದ ಆಫೀಸಿನ ಪಟ್ಟಿಯಲ್ಲಿ ಆ ನಂಬರು ಸಿಗಲಿಲ್ಲ, ಯಾರೋ ಹೊರಗಿನವರದ್ದು ಅಂತ ತೀರ್ಮಾನವಾಯಿತು. ನಾನು ಬಾಯಿ ಬಿಡಲಿಲ್ಲ. ನಾಚಿಕೆ ಅಷ್ಟಿತ್ತು.

ಹಾಗಾಗಿ ಈ ಕೆಲಸವನ್ನು ಮೈಯೆಲ್ಲ ಕಣ್ಣಾಗಿ ಹಿಡಿದೆ. ಮೊದಲು ಎಣಿಕೆ. ಗೇಟಿನ ಪಕ್ಕ ಕುರ್ಚಿ ಹಾಕಿಕೊಂಡು ಕೂತು ಒಳಗೆ ಬರುವ ಗಾಡಿಗಳನ್ನು ನೋಟ್‌ಬುಕ್ಕಿನಲ್ಲಿ ಗೆರೆ ಎಳೆದು ಎಣಿಸಿದೆ. ಮಧ್ಯೆ ಒಂದು ಕೆಂಬೂತ ಬಂದು ಕೂತಿದ್ದರಿಂದ ಹತ್ತಿಪ್ಪತ್ತು ತಪ್ಪಿರಬಹುದು. ಹತ್ತಿರ ಹತ್ತಿರ ಇನ್ನೂರು. ಆಮೇಲೆ ಅಳತೆ. ಸ್ಕೂಟರನ್ನು ಸೈಡ್ ಸ್ಟ್ಯಾಂಡಿನಲ್ಲಿ ವಾಲಿಸಿ ನಿಲ್ಲಿಸಿದರೆ ಮೂರಡಿ ಅಗಲ ಬೇಕು, ಸೆಂಟರ್ ಸ್ಟ್ಯಾಂಡಿನಲ್ಲಿ ನೆಟ್ಟಗೆ ನಿಲ್ಲಿಸಿದರೆ ಎರಡೂವರೆ ಅಡಿ ಸಾಕು. ಐದು ನಿಲ್ಲುವಲ್ಲಿ ಆರು ನಿಲ್ಲುತ್ತವೆ. ಹ್ಯಾಂಡಲ್ ಲಾಕ್ ಮಾಡದಿದ್ದರೆ ಬೇಕಾದಾಗ ಪಕ್ಕಕ್ಕೆ ಸರಿಸಬಹುದು. ಮಾರ್ಕೆಟ್ಟಿನಲ್ಲಿ, ಮದುವೆ ಮನೆಯಲ್ಲಿ ಗಾಡಿ ನಿಲ್ಲಿಸುವವರಿಗೆ ಇದೆಲ್ಲ ಎಂದೋ ಗೊತ್ತು. ನನಗೆ ಗೊತ್ತಾದದ್ದು ನಲವತ್ತೆಂಟನೇ ವಯಸ್ಸಿನಲ್ಲಿ.

ಕಾಲೇಜಿನ ಮುಂದಿನ ರಸ್ತೆ ಮತ್ತು ಅದರ ಎರಡು ಕ್ರಾಸುಗಳನ್ನು ಟೇಪು ಹಿಡಿದು ಅಳೆದೆ. ನಾನು ಬರೆದ ನಕ್ಷೆಯಲ್ಲಿ ಮನೆ ನಂಬರುಗಳಿರಲಿಲ್ಲ, ಮರಗಳಿದ್ದವು. ಮೂರನೇ ಹೊಂಗೆಯಿಂದ ಮೊದಲ ಸಂಪಿಗೆವರೆಗೆ ಹದಿನಾಲ್ಕು ಗಾಡಿ. ನೇರಳೆಯ ಕೆಳಗೆ ಬೇರು ಎದ್ದಿದೆ, ಬೇಡ. ಪಿ.ಟಿ. ಮೇಡಂ ಆ ನಕ್ಷೆಯನ್ನು ತಿರುಗಿಸಿ ತಿರುಗಿಸಿ ನೋಡಿ, ಇದನ್ನು ಓದೋದಕ್ಕೆ ಹುಡುಗರು ನಿಮ್ಮ ಕ್ಲಾಸಿಗೆ ಸೇರಬೇಕಾಗುತ್ತೆ ಅಂದರು. ಬೇರೆ ಕಾಲೇಜಿನ ತಂಡಗಳು ಬರುವ ಟಿ.ಟಿ. ವ್ಯಾನುಗಳು ಹುಡುಗಿಯರನ್ನು ಇಳಿಸಿ ರಿಂಗ್ ರೋಡಿನ ಸರ್ವಿಸ್ ರಸ್ತೆಗೆ ಹೋಗಿ ನಿಲ್ಲಬೇಕು ಅಂತ ಬರೆದುಕೊಂಡೆವು. ನಮ್ಮ ಗಾಡಿಗಳಲ್ಲಿ ಮುಕ್ಕಾಲು ಪಾಲಿಗೆ ಹಿಂದಿನ ರಸ್ತೆಯ ಕಲ್ಯಾಣ ಮಂಟಪದ ಸೆಲ್ಲಾರ್ ಸಿಕ್ಕಿತು. ಮಂಟಪದ ಮ್ಯಾನೇಜರು ನೋಡೋಣ ಮೇಡಂ, ಮುಹೂರ್ತ ಇಲ್ದಿದ್ರೆ ಕೊಡ್ತೀನಿ ಅಂದಿದ್ದರು. ನೋಡೋಣ ಅನ್ನುವುದನ್ನು ನಾನು ಆಗಲಿ ಅಂತ ಕೇಳಿಸಿಕೊಂಡು ಸಂತೋಷವಾಗಿ ಬಂದಿದ್ದೆ. ಗೋಡೆಯ ಮೇಲಿನ ಕ್ಯಾಲೆಂಡರ್ ನೋಡುವ ಬುದ್ಧಿ ಬರಲಿಲ್ಲ. ಗುರುವಾರ ಮಧ್ಯಾಹ್ನ ಅವರು ಫೋನ್ ಮಾಡಿ, ಶುಕ್ರವಾರ ಕೊಡಬಹುದು, ಶನಿವಾರ ದೊಡ್ಡ ಮದುವೆ ಇದೆ, ನಮ್ಮವರ ಗಾಡಿಗೇ ಜಾಗ ಸಾಲದು ಅಂದರು. ಅಂದರೆ ಶನಿವಾರ ಇನ್ನೂರು ಗಾಡಿಯೂ ರಸ್ತೆಗೆ, ಜೊತೆಗೆ ಮದುವೆಯ ಕಾರುಗಳು. ಅಂಕಲ್‌ಗೆ ಡಯಾಲಿಸಿಸ್ ಇರುವುದೂ ಅದೇ ದಿನ.

ಶುಕ್ರವಾರ ಬೆಳಿಗ್ಗೆ ಐದೂವರೆಗೆ ನಾನು, ಪಿ.ಟಿ. ಮೇಡಂ ರಸ್ತೆಗೆ ಇಳಿದೆವು. ಮೈದಾನಕ್ಕೆ ಗೆರೆ ಹಾಕುವ ಸುಣ್ಣದ ಪುಡಿ, ಒಂದು ತೂತು ಡಬ್ಬಿ, ಒಂದು ದಾರ. ಬೀದಿ ದೀಪಗಳು ಇನ್ನೂ ಉರಿಯುತ್ತಿದ್ದವು, ಮಂಜು ಮರದ ಎತ್ತರಕ್ಕೆ ತೂಗುತ್ತಿತ್ತು. ಮೇಡಂ ದಾರ ಹಿಡಿದರು, ನಾನು ಡಬ್ಬಿ ಆಡಿಸುತ್ತಾ ಹಿಂದಕ್ಕೆ ನಡೆದೆ. ಗಾಡಿಗೊಂದು ಚೌಕ, ಗೇಟಿಗೊಂದು ಖಾಲಿ. ಕಪ್ಪು ರಸ್ತೆಯ ಮೇಲೆ ಬೆಳ್ಳಗೆ ಬೀಳುವ ಆ ಗೆರೆಗಳನ್ನು ನೋಡುತ್ತ ನನಗೆ ಎಷ್ಟು ಹಿತವಾಗಿತ್ತೆಂದರೆ, ಎಲ್ಲ ಗಾಡಿಗಳೂ ತಮ್ಮಷ್ಟಕ್ಕೆ ತಾವೇ ಬಂದು ಅದರೊಳಗೆ ಮಲಗಿಕೊಳ್ಳುತ್ತವೆ ಅನ್ನಿಸಿತು. ಆರೂವರೆಗೆ ಕೆಲಸ ಮುಗಿಸಿ, ಮೂಲೆಯ ದರ್ಶಿನಿಯಲ್ಲಿ ಕಾಫಿ ಕುಡಿದು, ಮೇಡಂ ಹುಡುಗಿಯರ ಹತ್ತಿರ ಹೋದರು. ನಾನು ಅಲ್ಲೇ ನಿಂತು ಎರಡನೇ ಕಾಫಿ ಕುಡಿದೆ.

ಏಳೂವರೆಗೆ ತಿರುಗಿ ಬಂದರೆ ಒಂದು ಗೆರೆಯೂ ಇಲ್ಲ.

ಪ್ರತಿ ಮನೆಯವರೂ ಎದ್ದು, ಎಂದಿನಂತೆ ಗುಡಿಸಿ, ಬಾಗಿಲಿಗೆ ನೀರು ಹಾಕಿದ್ದರು. ಬಕೆಟ್ಟುಗಟ್ಟಲೆ ನೀರು. ನನ್ನ ಸುಣ್ಣವೆಲ್ಲ ಚರಂಡಿ ಸೇರಿತ್ತು. ಒದ್ದೆ ರಸ್ತೆಯ ಮೇಲೆ ಅಲ್ಲಲ್ಲಿ, ಗೇಟುಗಳ ಮುಂದೆ, ತಟ್ಟೆಯಗಲದ ಹೊಸ ರಂಗೋಲಿಗಳು. ನಾನು ಹುಟ್ಟಿದಾಗಿನಿಂದ ದಿನಾ ಬೆಳಿಗ್ಗೆ ನೋಡುತ್ತಿರುವ ವಿಷಯ ಇದು. ನನ್ನ ಮನೆಯ ಮುಂದೆ ನಾನೇ ಮಾಡುವ ಕೆಲಸ. ಸುಣ್ಣ ಚೆಲ್ಲುವಾಗ ಅದೊಂದೂ ತಲೆಗೆ ಹೊಳೆದಿರಲಿಲ್ಲ. ಅಷ್ಟರಲ್ಲಿ ಗಾಡಿಗಳು ಬರತೊಡಗಿದವು. ಇಲ್ಲಿ ಬೇಡ, ಅಲ್ಲಿ, ಸ್ವಲ್ಪ ಮುಂದೆ, ಸೆಂಟರ್ ಸ್ಟ್ಯಾಂಡ್ ಹಾಕಪ್ಪಾ ಅಂತ ಕೂಗುತ್ತ ಓಡಾಡಿದೆ. ಮಂಟಪದ ಸೆಲ್ಲಾರ್ ಇದ್ದದ್ದರಿಂದ ಹೇಗೋ ಬಚಾವಾದೆವು.

ಹತ್ತು ಗಂಟೆಗೆ ಎದುರು ಮನೆಯ ಗೇಟಿಗೆ ಮೂರು ಬೈಕು ನಿಂತಿದ್ದವು. ಲಾಕ್ ಆಗಿರಲಿಲ್ಲ, ಒಂದೊಂದಾಗಿ ತಳ್ಳಿ ಸರಿಸಿದೆ. ತಿರುಗಿ ನೋಡುವಷ್ಟರಲ್ಲಿ ಇನ್ನೊಂದು ಬಂತು. ಕೊನೆಗೆ ಆ ಗೇಟಿನ ಮುಂದೆ ನಾನೇ ಹೋಗಿ ನಿಂತುಬಿಟ್ಟೆ. ಮಧ್ಯಾಹ್ನದವರೆಗೂ ನಿಂತಿದ್ದೆ. ಒಳಗಿನಿಂದ ಆಂಟಿ ಎರಡು ಸಲ ಕಿಟಕಿಯ ಪರದೆ ಸರಿಸಿ ನೋಡಿದರು.

ಒಂದೇ ಕಡೆ ನಿಂತರೆ ನನ್ನಂಥವಳಿಗೂ ಕೆಲವು ವಿಷಯ ಕಾಣಿಸುತ್ತವೆ. ಇಡೀ ರಸ್ತೆಯಲ್ಲಿ ಗಾಡಿಗಳು ಎಲ್ಲೆಂದರಲ್ಲಿ ನುಗ್ಗಿದ್ದವು, ಆದರೆ ಒಂದು ರಂಗೋಲಿಯ ಮೇಲೂ ಚಕ್ರ ಹತ್ತಿರಲಿಲ್ಲ. ಮಗಾ, ಮಚ್ಚಾ ಅಂತ ಕಿರುಚಾಡಿಕೊಂಡು ಮೂರು ಮೂರು ಜನ ಬಂದ ಹುಡುಗರೂ ರಂಗೋಲಿ ಕಂಡ ತಕ್ಷಣ ಹ್ಯಾಂಡಲ್ ತಿರುಗಿಸಿ ಸುತ್ತಿಕೊಂಡು ಹೋಗುತ್ತಿದ್ದರು. ಯಾರೂ ಅದನ್ನು ಯೋಚಿಸಿ ಮಾಡುತ್ತಿರಲಿಲ್ಲ. ಸೆಕ್ಯೂರಿಟಿಯವರು ಊದುವ ಸೀಟಿಗೆ, ನೋ ಪಾರ್ಕಿಂಗ್ ಬೋರ್ಡಿಗೆ ಸಿಗದ ಮರ್ಯಾದೆ ಒಂದು ಹಿಡಿ ಪುಡಿಗೆ ಸಿಗುತ್ತಿತ್ತು. ಮತ್ತೆ ಎದುರು ಮನೆಯ ಗೇಟಿಗೇ ಯಾಕೆ ಎಲ್ಲರೂ ಬಂದು ಅಡ್ಡ ನಿಲ್ಲುತ್ತಾರೆ ಅಂತ ಬಗ್ಗಿ ನೋಡಿದೆ. ಆ ಗೇಟಿನ ಮುಂದೆ ರಂಗೋಲಿ ಇರಲಿಲ್ಲ. ಒಳಗೆ ಹೊಸ್ತಿಲ ಹತ್ತಿರ ಅಂಟಿಸಿದ ಪ್ಲಾಸ್ಟಿಕ್ಕಿನ ರಂಗೋಲಿ ಒಂದಿತ್ತು, ರಸ್ತೆಗೆ ಕಾಣುತ್ತಿರಲಿಲ್ಲ. ಸಾಲು ರಂಗೋಲಿಗಳ ನಡುವೆ ಅದೊಂದೇ ಬರೀ ಟಾರು. ಬಂದವರಿಗೆ ಅದು ಖಾಲಿ ಜಾಗದಂತೆ ಕಾಣುತ್ತಿತ್ತು. ಮೂರು ವರ್ಷದ ಹಿಂದೆ ನನಗೂ ಹಾಗೇ ಕಂಡಿರಬೇಕು.

ಸಂಜೆ ನಮ್ಮ ಹುಡುಗಿಯರು ಎರಡೂ ಮ್ಯಾಚು ಗೆದ್ದು ಮನೆಗೆ ಹೋದ ಮೇಲೆ ಎದುರು ಮನೆಯ ಗೇಟು ತೆರೆದು ಒಳಗೆ ಹೋದೆ. ಗೇಟಿನ ಚಿಲಕ ಹಿಡಿದು ಎಷ್ಟು ಹೊತ್ತು ನಿಂತಿದ್ದೆನೋ ಗೊತ್ತಿಲ್ಲ. ಆಂಟಿ ಹಾಲಿನಲ್ಲಿ ನೆಲದ ಮೇಲೆ ಕಾಲು ಚಾಚಿ ಕೂತು, ನೆನೆಸಿದ ಅವರೆಕಾಳು ಹಿಸುಕುತ್ತಿದ್ದರು. ಹಣೆಯ ಮೇಲೆ ಸಂಜೆಯ ವಿಭೂತಿ. ಒಳಗಿನ ರೂಮಿನಲ್ಲಿ ಮಂಚದ ಮೇಲೆ ಅಂಕಲ್ ಮಲಗಿದ್ದು ಕಾಣುತ್ತಿತ್ತು. ಕೂತ್ಕೊಳ್ಳಿ ಮೇಡಂ ಅಂದರು. ಕೂತರೆ ಹೇಳಲಾಗುವುದಿಲ್ಲ ಅನ್ನಿಸಿ ನಿಂತೇ ಹೇಳಿದೆ.

"ಆಂಟಿ, ಮೂರು ವರ್ಷದ ಹಿಂದೆ ನಿಮ್ಮ ಗೇಟಿಗೆ ಅಡ್ಡ ನಿಂತಿತ್ತಲ್ಲ ಸ್ಕೂಟರು, ಅದು ನಂದು."

ಅವರ ಕೈ ನಿಂತಿತು. ಬೆರಳಲ್ಲಿದ್ದ ಕಾಳನ್ನು ಹಿಸುಕಿ, ಸಿಪ್ಪೆಯನ್ನು ಒಂದು ಕಡೆ, ಬೇಳೆಯನ್ನು ಒಂದು ಕಡೆ ಹಾಕಿದರು.

"ಮೈಕಲ್ಲಿ ಕೂಗಿಸಿದ್ನಲ್ಲ. ಕೇಳಿಸ್ಲಿಲ್ವಾ ನಿಮಗೆ?"

"ಕೇಳಿಸ್ತು. ನನ್ನ ನಂಬರ್ ನನಗೇ ಗೊತ್ತಿರ್ಲಿಲ್ಲ."

ಅವರು ನನ್ನನ್ನು ತುಂಬ ಹೊತ್ತು ನೋಡಿದರು. ಸುಳ್ಳು ಹೇಳುತ್ತಿದ್ದೇನೋ ದಡ್ಡಿಯೋ ಅಂತ ಅಳೆಯುತ್ತಿದ್ದ ಹಾಗಿತ್ತು.

"ಅವತ್ತು ಸ್ಟೀರಿಂಗ್ ಹಿಡ್ಕೊಂಡು ಕೂತು ಅತ್ತಿದೀನಿ ಮೇಡಂ. ಪಕ್ಕದಲ್ಲಿ ಇವರಿಗೆ ಗೊತ್ತಾಗಬಾರ್ದು ಅಂತ ಸದ್ದಿಲ್ದೆ ಅತ್ತಿದೀನಿ. ನೀವು ಇಷ್ಟು ವರ್ಷ ದಿನಾ ಈ ಗೇಟಿನ ಮುಂದೇನೇ ಓಡಾಡಿದ್ರಿ."

ಕ್ಷಮಿಸಿ ಅಂದೆ. ಆ ಮಾತು ಅಲ್ಲೇ ನೆಲದ ಮೇಲೆ ಬಿದ್ದುಹೋಯಿತು, ಅವರು ಎತ್ತಿಕೊಳ್ಳಲಿಲ್ಲ. ಇನ್ನು ಹೊರಡುವುದೇ ಸರಿ ಅಂದುಕೊಳ್ಳುವಾಗ ರೂಮಿನಿಂದ ಅಂಕಲ್ ದನಿ ಬಂತು.

"ಅವತ್ತು ಯಾರು ಗೆದ್ರು?"

"ನಾವು ಸೋತ್ವಿ ಅಂಕಲ್."

"ಅನ್ಕೊಂಡೆ. ಕೊನೇಲಿ ಸದ್ದೇ ಇರ್ಲಿಲ್ಲ."

ಅವರು ಮಲಗಿದಲ್ಲಿಂದಲೇ ಮಾತಾಡಿದರು, ನಿಧಾನವಾಗಿ, ನಡುನಡುವೆ ಉಸಿರಿಗೆ ನಿಲ್ಲುತ್ತ. ಬೆಳಿಗ್ಗೆ ಆರು ಗಂಟೆಗೆ ಚೆಂಡಿನ ಸದ್ದು ಶುರುವಾದರೆ ಅವರಿಗೆ ಒಂದು ರಾತ್ರಿ ಕಳೆಯಿತು ಅನ್ನಿಸುತ್ತದಂತೆ. ಕಾಂಪೌಂಡಿನ ಗೋಡೆ ಅಡ್ಡ ಇರುವುದರಿಂದ ಏನೂ ಕಾಣುವುದಿಲ್ಲ, ಆದರೆ ಯಾರು ಆಡುತ್ತಿದ್ದಾರೆ ಅಂತ ಗೊತ್ತಾಗುತ್ತದೆ. ಒಬ್ಬಳು ಎಡಗೈಯವಳು, ಅವಳ ಚೆಂಡು ಸ್ವಲ್ಪ ಕುಂಟುತ್ತದೆ. ಇನ್ನೊಬ್ಬಳು ಚೆಂಡನ್ನು ಮೂರು ಸಲ ನೆಲಕ್ಕೆ ಕುಟ್ಟಿ, ನಿಲ್ಲಿಸಿ, ಆಮೇಲೆ ಎಸೆಯುತ್ತಾಳೆ. ಆ ನಿಲ್ಲಿಸುವ ಹೊತ್ತಿನಲ್ಲಿ ತಾವೂ ಉಸಿರು ಹಿಡಿಯುತ್ತಾರಂತೆ. ಅದು ನಮ್ಮ ಕ್ಯಾಪ್ಟನ್ ಅಂತ ಹೇಳಿದೆ. ಅವರಿಗೆ ಖುಷಿಯಾಯಿತು. ಮ್ಯಾಚು ನಿಲ್ಲಿಸಿ ಅಂತ ನಾವು ಬರೆದಿರ್ಲಿಲ್ಲ, ಗೇಟು ಬಿಡಿ ಅಂತ ಬರೆದಿದ್ವಿ, ಅಂದರು. ಆಂಟಿ ತಲೆ ತಗ್ಗಿಸಿ ಮತ್ತೆ ಕಾಳು ಹಿಸುಕತೊಡಗಿದ್ದರು.

ಆಗ ನಾನು ಬಂದ ಕೆಲಸ ಹೇಳಿದೆ. ನಾಳೆ ಗಾಡಿ ನಿಲ್ಲಿಸುವ ಜಾಗಕ್ಕೆ ಗೆರೆ ಹಾಕುವುದಿಲ್ಲ. ನಿಲ್ಲಿಸಬಾರದ ಕಡೆ ರಂಗೋಲಿ ಹಾಕೋಣ. ಎಲ್ಲರೂ ತಟ್ಟೆಯಗಲ ಹಾಕುವ ಬದಲು ಗೇಟಿನಗಲ ಹಾಕಿದರೆ, ಎರಡು ರಂಗೋಲಿಗಳ ನಡುವೆ ಉಳಿದದ್ದೇ ಪಾರ್ಕಿಂಗ್. ನಿಮ್ಮ ಗೇಟಿಗೆ ನಾನು ಬಂದು ಹಾಕಲಾ? ಕೊನೆಯ ಮಾತು ಹೇಳುವಾಗ ದನಿ ಸಣ್ಣದಾಯಿತು. ಇನ್ನೊಬ್ಬರ ಬಾಗಿಲಿಗೆ ರಂಗೋಲಿ ಹಾಕುತ್ತೇನೆ ಅಂತ ಹೊರಗಿನವಳು ಕೇಳುವುದುಂಟೇ.

ಆಂಟಿ ಮಂಡಿ ನೀವಿಕೊಂಡರು. ಎರಡು ಮಂಡಿಯೂ ಹೋದ ಮೇಲೆ ಬಗ್ಗಿ ಹಾಕಲು ಆಗುತ್ತಿರಲಿಲ್ಲ, ಕೆಲಸದವರು ಹಾಕಿದ್ದು ಮನಸ್ಸಿಗೆ ಬರಲಿಲ್ಲ, ಹಾಗಾಗಿ ನಿಂತೇಹೋಯಿತು ಅಂದರು. ಆಮೇಲೆ ಪರೀಕ್ಷೆ ಮಾಡುವವರ ಹಾಗೆ ಕೇಳಿದರು.

"ಎಷ್ಟಗಲ ಹಾಕ್ತೀರಿ?"

ಗೇಟು ಎಂಟಡಿ ಇದೆ, ಎಂಟಡಿ ಅಂದೆ.

"ಎಂಟಡಿ ಸಾಕಾಗಲ್ಲ. ನಾನು ರಿವರ್ಸ್ ತಗೊಂಡು ಎಡಕ್ಕೆ ತಿರುಗಿಸ್ಬೇಕು. ಆ ಹೊಂಗೆ ಮರದವರೆಗೂ ಬೇಕು ನನಗೆ. ಮತ್ತೆ ಚಕ್ರ ಹೋಗೋ ಕಡೆ ಎರಡು ದಾರಿ ಬಿಡಿ, ಮಧ್ಯ ಮತ್ತೆ ಪಕ್ಕಕ್ಕೆ ಹಾಕಿ. ನನ್ನ ಬಾಗಿಲ ರಂಗೋಲಿ ಮೇಲೆ ನಾನು ಕಾರು ಹತ್ತಿಸಲ್ಲ. ಅಳಿಸಿಹೋದ್ರೆ ಆಮೇಲೆ ಬಂದು ನಿಲ್ಲಿಸ್ತಾರೆ."

ಎರಡು ವಾರ ಟೇಪು ಹಿಡಿದು ಓಡಾಡಿದ ನನಗೆ ಇದು ಹೊಳೆದಿರಲಿಲ್ಲ. ಗೇಟಿನ ಅಗಲ ಅಳೆದಿದ್ದೆ, ಕಾರು ತಿರುಗುವುದನ್ನು ಅಳೆದಿರಲಿಲ್ಲ. ಆಂಟಿ ಫೋನ್ ತೆಗೆದು, ಕನ್ನಡಕ ಹಾಕಿಕೊಂಡು, ಬೀದಿಯ ಹೆಂಗಸರ ವಾಟ್ಸಾಪ್ ಗ್ರೂಪಿಗೆ ನನ್ನೆದುರೇ ಒಂದು ವಾಯ್ಸ್ ಮೆಸೇಜು ಹೇಳಿದರು. ನಾಳೆ ಎಲ್ಲರೂ ಗೇಟಿನಗಲ ರಂಗೋಲಿ ಹಾಕಿ, ಕಾರಿದ್ದವರು ಕಾರು ತಿರುಗುವಷ್ಟು ಹಾಕಿ, ಕಾಲೇಜಿನ ಹುಡುಗಿಯರದ್ದು ಫೈನಲ್ ಇದೆ. ದೂರು ಕೊಟ್ಟ ಮನೆಯಿಂದಲೇ ಬಂದ ಮಾತು, ಯಾರು ಇಲ್ಲ ಅಂತಾರೆ. ನನಗೆ ಮಾತ್ರ ಅವರು ಕ್ಷಮಿಸಿದೆ ಅನ್ನಲಿಲ್ಲ. ಬಾಗಿಲವರೆಗೆ ಬಂದು, ಸುಣ್ಣ ತರಬೇಡಿ, ರಂಗೋಲಿ ಪುಡಿ ನಾನು ಕೊಡ್ತೀನಿ ಅಂದರು.

ಶನಿವಾರ ಬೆಳಿಗ್ಗೆ ಆರು ಗಂಟೆಗೆ ಆಂಟಿ ಗೇಟಿನ ಬಳಿ ಕುರ್ಚಿ ಹಾಕಿಕೊಂಡು ಕೂತಿದ್ದರು, ತೊಡೆಯ ಮೇಲೆ ಹಳೇ ಹಿತ್ತಾಳೆ ಡಬ್ಬಿ. ಪಿ.ಟಿ. ಮೇಡಂ ನೀರು ಹಾಕಿದರು, ನಾನು ಬಗ್ಗಿದೆ. ನನಗೆ ಚುಕ್ಕಿ ಲೆಕ್ಕ ಯಾವತ್ತೂ ಬರುವುದಿಲ್ಲ, ಅದಕ್ಕೆ ಬಳ್ಳಿ ಬಿಟ್ಟೆ. ಹೊಂಗೆಯ ಎಲೆ ಐದೈದು, ಏಳೇಳು, ತುದಿಗೊಂದು, ಗೇಟಿನಿಂದ ಮರದವರೆಗೆ. ಎರಡು ಚಕ್ರದ ದಾರಿಗಳನ್ನು ಬಿಟ್ಟು ಮೂರು ಪಟ್ಟೆ. ಎದುರಿನ ಗೋಡೆಯಾಚೆ ಚೆಂಡು ಶುರುವಾಗಿತ್ತು. ಎದ್ದು ನೋಡಿದರೆ ಉದ್ದಕ್ಕೂ ಪ್ರತಿ ಗೇಟಿನಲ್ಲೂ ಯಾರೋ ಒಬ್ಬರು ಬಗ್ಗಿದ್ದರು, ಮಂಜಿನಲ್ಲಿ ಅರ್ಧ ಕಾಣುತ್ತ ಅರ್ಧ ಮರೆಯಾಗುತ್ತ. ಯಾರೂ ಮಾತಾಡುತ್ತಿರಲಿಲ್ಲ. ರಸ್ತೆ ಯಾವುದೋ ಹಬ್ಬವನ್ನು ನಿದ್ದೆಗಣ್ಣಿನಲ್ಲಿ ಶುರು ಮಾಡಿದ ಹಾಗಿತ್ತು. ಆ ಧೈರ್ಯದಲ್ಲಿ ನಾನು ಪಿ.ಟಿ. ಮೇಡಂಗೂ ಹೇಳಿಬಿಟ್ಟೆ, ಮೂರು ವರ್ಷ ಅವರ ಮ್ಯಾಚು ನಿಂತದ್ದು ನನ್ನ ಗಾಡಿಯಿಂದ ಅಂತ. ಅವರು ಖಾಲಿ ಬಕೆಟ್ಟನ್ನು ಗೇಟಿನ ಪಕ್ಕ ಬೋರಲು ಹಾಕಿದರು.

"ಇವತ್ತು ಮ್ಯಾಚು ಮುಗೀಲಿ ಮೇಡಂ, ಸೋಮವಾರ ಬೈತೀನಿ," ಅಂದು ಕೋರ್ಟಿಗೆ ಹೋದರು.

ಎಂಟು ಗಂಟೆಯಿಂದ ಗಾಡಿಗಳು ಬಂದವು. ರಂಗೋಲಿಯಿಂದ ರಂಗೋಲಿಯವರೆಗಿನ ಸಂದುಗಳಲ್ಲಿ ತಾವೇ ಹುಡುಕಿಕೊಂಡು ನಿಂತವು. ನಾನು ಸೆಂಟರ್ ಸ್ಟ್ಯಾಂಡ್, ಲಾಕ್ ಬೇಡ ಅನ್ನುವ ಎರಡೇ ಮಾತು ಹೇಳುತ್ತ ನಡೆದೆ. ನಮ್ಮ ರಸ್ತೆ ತುಂಬಿದ ಮೇಲೆ ಎರಡು ಕ್ರಾಸು. ಹತ್ತೂವರೆಗೆ ಮದುವೆಯ ಕಾರುಗಳು ನುಗ್ಗಿದವು. ರೇಷ್ಮೆ ಸೀರೆಯವರೊಬ್ಬರು ಗಾಜು ಇಳಿಸಿ, ಇಲ್ಲಿ ಏನಾದ್ರೂ ವಿಶೇಷ ಇದ್ಯಾ, ಎಷ್ಟು ಚೆನ್ನಾಗಿದೆ ಅಂದು, ಎದುರು ಮನೆಯ ಗೇಟನ್ನು ಸುತ್ತಿಕೊಂಡು ಮುಂದೆ ಹೋದರು. ಹನ್ನೊಂದಕ್ಕೆ ಆಂಟಿ ಗೇಟು ತೆರೆದರು. ಅಂಕಲ್ ಮುಂದಿನ ಸೀಟಿನಲ್ಲಿ, ಹೆಗಲ ಮೇಲೆ ಶಾಲು. ಕಾರು ಆ ಎರಡು ದಾರಿಗಳ ಮೇಲೆ ಹಿಂದೆ ಹಿಂದೆ ಬಂದು, ಹೊಂಗೆಯ ಹತ್ತಿರ ಎಡಕ್ಕೆ ತಿರುಗಿ, ಒಂದು ಎಲೆಯನ್ನೂ ಮುಟ್ಟದೆ ಹೊರಟುಹೋಯಿತು. ನನ್ನ ಕಣ್ಣು ತುಂಬಿತು. ತಡೆದುಕೊಳ್ಳಲಿಲ್ಲ.

ಅವರು ವಾಪಸ್ ಬರುವುದು ನಾಲ್ಕರ ಮೇಲೆ. ಮೂರು ಗಂಟೆಗೆ ಫೈನಲ್ ಶುರುವಾಯಿತು, ಬನ್ನಿ ಮೇಡಂ ಅಂತ ಎಲ್ಲರೂ ಕರೆದರು. ಕಾಲು ಎಳೆಯುತ್ತಿತ್ತು. ಆದರೂ ಗೇಟಿನ ಹತ್ತಿರವೇ ಇದ್ದೆ. ಒಂದು ಸಲ ಇದೇ ಗೇಟನ್ನು ಮರೆತು ಮ್ಯಾಚು ನೋಡಿದ್ದೆನಲ್ಲ. ಹೊಂಗೆಯ ಬುಡದಲ್ಲಿ ಕೂತು ಅಂಕಲ್ ಕೇಳುವ ಹಾಗೆ ಕೇಳಿದೆ: ಶೂಗಳ ಕಿರುಗುಟ್ಟು, ಸೀಟಿ, ಕುಂಟುವ ಚೆಂಡು ಒಂದು, ಆಮೇಲೆ ಗದ್ದಲ. ಎಲೆಗಳು ರಂಗೋಲಿಯ ಎಲೆಗಳ ಮೇಲೆ ಬೀಳುತ್ತಿದ್ದವು. ಯಾವುದು ಬಿದ್ದದ್ದು, ಯಾವುದು ನಾನು ಬರೆದದ್ದು ಅಂತ ಸ್ವಲ್ಪ ಹೊತ್ತಿನ ಮೇಲೆ ಗೊತ್ತಾಗಲಿಲ್ಲ.

ನಾಲ್ಕೂ ಹತ್ತಕ್ಕೆ ಕಾರು ಬಂತು. ಗೇಟು ಖಾಲಿಯಿತ್ತು. ನಾನು ಓಡಿ ಹೋಗಿ ಗೇಟಿನ ಬಾಗಿಲು ತೆರೆದು ಹಿಡಿದೆ, ಆದರೆ ಕಾರು ತಿರುಗಲಿಲ್ಲ. ರಸ್ತೆಯ ನಡುವೆ, ಕಾಲೇಜಿನ ಗೇಟಿನ ಎದುರು ನಿಂತಿತು. ಅಲ್ಲಿಂದ ಗೇಟಿನ ಎರಡು ಕಂಬಗಳ ನಡುವೆ ಉತ್ತರದ ರಿಂಗು ಮತ್ತು ಕೋರ್ಟಿನ ಒಂದು ತುಂಡು ಕಾಣುತ್ತದೆ. ಅಂಕಲ್ ಗಾಜು ಇಳಿಸಿದರು. ಮುಖ ಬಿಳಿಚಿತ್ತು, ತಲೆ ಸೀಟಿಗೆ ಒರಗಿತ್ತು. ಸ್ವಲ್ಪ ತಡಿ ಅಂತ ಹೆಂಡತಿಗೆ ಹೇಳಿದರು. ಆಂಟಿ ಇಂಜಿನ್ ಆಫ್ ಮಾಡಿದರು.

"ಸ್ಕೋರ್ ಎಷ್ಟು ಮೇಡಂ?"

"ಗೊತ್ತಿಲ್ಲ ಅಂಕಲ್. ನಾನು ಇಲ್ಲೇ ಇದ್ದೆ."

ಒಳಗೆ ಸೀಟಿ ಊದಿದರು. ಗದ್ದಲವೆಲ್ಲ ಒಮ್ಮೆಗೇ ನಿಂತುಹೋಯಿತು. ಕ್ಯಾಪ್ಟನ್ ಹುಡುಗಿ ಇತಿಹಾಸದವರು ದಿನಾ ಸ್ಕೂಟರು ನಿಲ್ಲಿಸುವ ಫ್ರೀ ಥ್ರೋ ಗೆರೆಯ ಮೇಲೆ ಬಂದು ನಿಂತದ್ದು ಕಂಬಗಳ ಸಂದಿನಲ್ಲಿ ಕಂಡಿತು. ಅಷ್ಟರಲ್ಲಿ ಕಾರಿನ ಹಿಂದೆ ಒಂದು ಆಟೋ ಬಂದು ಹಾರ್ನ್ ಹೊಡೆಯಿತು, ಅದರ ಹಿಂದೆ ಮದುವೆಯ ಕಾರೊಂದು. ನಾನು ಓಡಿದೆ.

"ಎರಡೇ ನಿಮಿಷ ಅಣ್ಣ," ಅಂದೆ.

ಮಾತು ಬಾಯಿಂದ ಹೊರಬಿದ್ದ ಮೇಲೆ ನನಗೇ ಕೇಳಿಸಿತು. ತಿರುಗಿ ನೋಡಿದರೆ ಆಂಟಿ ಕಾರಿನ ಕನ್ನಡಿಯಲ್ಲಿ ನನ್ನನ್ನೇ ನೋಡುತ್ತಿದ್ದರು. ಅವರು ನಕ್ಕರು, ಆವತ್ತೇ ಮೊದಲು.

ನಾವು ಗೆದ್ದದ್ದು, ಸಂಘದವರು ಮುಂದಿನ ವರ್ಷಕ್ಕೂ ಒಪ್ಪಿದ್ದು, ಪಿ.ಟಿ. ಮೇಡಂ ಸೋಮವಾರ ಸ್ಟಾಫ್ ರೂಮಿನಲ್ಲಿ ಎಲ್ಲರೆದುರು ನನ್ನನ್ನು ಬೈದದ್ದು ಎಲ್ಲ ಆಮೇಲೆ. ಆಗ ಆಟೋದವರು ತಲೆ ಹೊರಗೆ ಹಾಕಿ ಒಳಗೇನು ನಡೀತಿದೆ ಅಂತ ನೋಡಿ, ತಾವೂ ಇಂಜಿನ್ ಆಫ್ ಮಾಡಿದರು. ಚೆಂಡು ಮೂರು ಸಲ ನೆಲಕ್ಕೆ ಕುಟ್ಟಿದ್ದು ಕೇಳಿಸಿತು, ನಿಂತಿತು. ಅಂಕಲ್ ಉಸಿರು ಹಿಡಿದರು. ರಸ್ತೆಗೆ ಪೂರ್ತಿ ಅಡ್ಡವಾಗಿ ನಾವೆಲ್ಲ ಕಾಯುತ್ತ ನಿಂತೆವು.